ಹಿತ್ತಲ ಹಂದರದ ಪ್ಲ್ಯಾನರ್

ನಮ್ಮ ಹಿತ್ತಲಿಗೆ ‘ಬ್ಯಾಕ್‌ಯಾರ್ಡ್’ ಎಂಬ ಇನ್ನೊಂದು ಹೆಸರಿದೆ ಅನ್ನೋದು ನನಗೆ ಗೊತ್ತಾದದ್ದು ಅರವತ್ತೆರಡನೇ ವಯಸ್ಸಿಗೆ. ಅಲ್ಲಿಯವರೆಗೆ ಅದು ಬರೀ ಹಿತ್ತಲ. ಒಂದು ಬೇವಿನ ಗಿಡ, ಒಂದು ನುಗ್ಗಿ ಗಿಡ, ಬಚ್ಚಲ ನೀರು ಕುಡಿದು ಬೆಳೆದ ಕರಿಬೇವು, ಕಟಿಗಿ ಒಟ್ಟು, ಅಪ್ಪನ ಕಾಲದ ಕೈಮಗ್ಗದ ಮುರುಕು, ಜೋಡಿ ಕಳೆದುಕೊಂಡ ಒಂದು ಚಕ್ಕಡಿ ಗಾಲಿ, ಮತ್ತು ಇವೆಲ್ಲಕ್ಕೂ ತಾನೇ ಒಡತಿ ಎಂಬಂತೆ ಮೆಲುಕು ಹಾಕುವ ಒಂದು ಎಮ್ಮೆ. ಇಷ್ಟು ಆಸ್ತಿ. ಬೆಂಗಳೂರಿನಲ್ಲಿ ನೌಕರಿ ಮಾಡುವ ಮಗಳು ಫೋನಿನಲ್ಲಿ, “ಅಪ್ಪಾ, ನನಗ ಕಲ್ಯಾಣ ಮಂಟಪ ಬ್ಯಾಡ. ನಮ್ಮ ಬ್ಯಾಕ್‌ಯಾರ್ಡಿನ್ಯಾಗ ಟೆಂಟ್ ಹಾಕಿ ಸಿಂಪಲ್ಲಾಗಿ ಲಗ್ನ ಮಾಡು” ಅಂದಾಗ, ಇವಳು ನನಗೆ ಗೊತ್ತಿಲ್ಲದೆ ಬೆಂಗಳೂರಿನಲ್ಲಿ ಎಲ್ಲೋ ಸೈಟು ಹಿಡಿದಿದ್ದಾಳೆ ಅಂತ ಒಳಗೊಳಗೇ ಖುಷಿಪಟ್ಟೆ.

“ಯಾವ ಬ್ಯಾಕ್‌ಯಾರ್ಡವಾ?”

“ಎಮ್ಮಿ ಕಟ್ತೀವಲ್ಲಪಾ, ಅದು.”

‘ಸಿಂಪಲ್’ ಎಂಬ ಶಬ್ದ ಕಿವಿಗೆ ಬಿದ್ದ ಕೂಡಲೇ ಯಾವ ತಂದೆಯಾದರೂ ಪಾಸ್‌ಬುಕ್ಕನ್ನು ಕಪಾಟಿನ ಇನ್ನೂ ಒಳಗಿನ ಖಾನೆಗೆ ಸರಿಸಬೇಕು. ನಾನು ಹಾಗೆ ಮಾಡಲಿಲ್ಲ. ಮಂಟಪದ ಬಾಡಿಗೆ ಉಳಿಯಿತು ಅಂತ ಹಿಗ್ಗಿ, ಅಡುಗೆಮನೆಗೆ ಹೋಗಿ ಮನೆಯಾಕಿಗೆ ಸುದ್ದಿ ಹೇಳಿದೆ. ಆಕೆ ರೊಟ್ಟಿ ಬಡಿಯುವುದನ್ನು ನಿಲ್ಲಿಸಲಿಲ್ಲ. “ಮೂವತ್ತ ವರ್ಷದ ಹಿಂದ ರಬಕವಿಯಾಗ ಎಲ್ಲಾರೂ ಮನಿ ಮುಂದ ಹಂದರ ಹಾಕೇ ಲಗ್ನಾ ಮಾಡ್ತಿದ್ರು. ಆಗ ಇದಕ್ಕ ಬಡತನ ಅಂತಿದ್ರು. ಈಗ ಏನಂತಾರಂತ?”

“ಬ್ಯಾಕ್‌ಯಾರ್ಡ್ ವೆಡ್ಡಿಂಗ್.”

“ಹೆಸರ ದೊಡ್ಡದಾತು. ಖರ್ಚೂ ದೊಡ್ಡದಾಕ್ಕೈತಿ ತಗೋರಿ.” ರೊಟ್ಟಿ ಹಂಚಿಗೆ ಬಿತ್ತು. ನಮ್ಮ ಮನೆಯಲ್ಲಿ ತೀರ್ಪು ಹೊರಬೀಳುವುದು ಹೀಗೆಯೇ. ನಿಮ್ಮ ಮನೆಯಲ್ಲಿ ಬಹುಶಃ ಒಗ್ಗರಣೆಯ ಚಟಪಟದೊಂದಿಗೆ ಬೀಳುತ್ತಿರಬಹುದು, ಅಷ್ಟೇ ಫರಕು.

ಮಗಳು ಇನ್ನೊಂದು ಮಾತು ಹೇಳಿದ್ದಳು: “ಒಬ್ಬ ಪ್ಲ್ಯಾನರ್‌ನ ಹುಡುಕು. ತುಟ್ಟಿ ಇರಬಾರದು.” ಅವಳೇ ಒಂದು ನಂಬರು ಕಳಿಸಿದಳು. ಬೆಂಗಳೂರಿನ ಹುಡುಗ. ವಿಡಿಯೋ ಕರೆ ಮಾಡಿ, “ಸರ್, ವೆನ್ಯೂ ಒಂದ್ಸಲ ತೋರಿಸ್ತೀರಾ?” ಅಂದ. ನಾನು ಹಿತ್ತಲದ ನಡುವೆ ನಿಂತು, ಗುಡಿಗೆ ಸುತ್ತು ಹಾಕುವವನಂತೆ ನಿಧಾನಕ್ಕೆ ಒಂದು ಸುತ್ತು ತಿರುಗಿದೆ. “ಸರ್, ನಿಮ್ಮ ಮೂಗಿನ ಹೊಳ್ಳೆ ಕಾಣ್ತಿದೆ” ಅಂದ. ಫೋನು ತಿರುವಿ ಹಿಡಿದೆ. ಬೇವಿನ ಗಿಡ, ಗಾಲಿ, ಮಗ್ಗ, ಎಮ್ಮೆ ಒಂದೊಂದಾಗಿ ಅವನ ಮುಂದೆ ಹಾದುಹೋದವು. ಹುಡುಗ ಕುರ್ಚಿಯಿಂದ ಎದ್ದೇಬಿಟ್ಟ. “ವಾವ್ ಸರ್! ಫುಲ್ ರಸ್ಟಿಕ್!”

ನನಗೆ ಸಿಟ್ಟು ಬಂತು. “ಎಲ್ಲಾದಕ್ಕೂ ತುಕ್ಕ ಹಿಡದಿಲ್ರೀ. ಬಾಗಲ ಕೊಂಡಿಗಷ್ಟ ಹತ್ತೇತಿ.”

ಮರುದಿನ ಅವನ ಅಂದಾಜುಪಟ್ಟಿ ಬಂತು. ಅಲಂಕಾರ ಎಂಬ ತಲೆಬರಹದ ಕೆಳಗೆ ಚಕ್ಕಡಿ ಗಾಲಿ ಎರಡು, ಕಂದೀಲು ಇಪ್ಪತ್ತು, ತಾಮ್ರದ ಕೊಡ ಎಂಟು, ಹುಲ್ಲಿನ ಸಿವುಡು ಐವತ್ತು, ಹಳೆಯ ಮಗ್ಗದ ಲಾಳಿಗಳು ಬೇಕಾದಷ್ಟು. ಒಂದೊಂದಕ್ಕೂ ದಿನಬಾಡಿಗೆ. ಎಲ್ಲವನ್ನೂ ಬೆಂಗಳೂರಿನಿಂದ ಲಾರಿಯಲ್ಲಿ ತರುತ್ತಾನಂತೆ. ರಬಕವಿಗೆ ಲಾಳಿ! ನಮ್ಮ ಓಣಿಯಲ್ಲಿ ಹುಟ್ಟಿದ ಕೂಸು ಗಿಲಕಿಗಿಂತ ಮೊದಲು ಲಾಳಿಯ ಸಪ್ಪಳ ಕೇಳುತ್ತದೆ. ಒಟ್ಟು ಆರು ಲಕ್ಷ ಚಿಲ್ಲರೆ, ಮೇಲೆ ನೂರಕ್ಕೆ 18ರಂತೆ ಜಿಎಸ್‌ಟಿ, ಅವನ ಐದು ಮಂದಿಗೆ ಹೋಗಿಬರುವ ಖರ್ಚು, ಎಸಿ ಕೋಣೆ. ಪಟ್ಟಿಯ ಕೊನೆಗೆ ಒಂದು ದಯೆಯ ಮಾತು: “ಎಮ್ಮೆ ಇರಲಿ ಸರ್, ಥೀಮಿಗೆ ಹೊಂದುತ್ತೆ. ಅದಕ್ಕೆ ಚಾರ್ಜ್ ಮಾಡಿಲ್ಲ.”

ಅವನ ದರದಲ್ಲಿ ನಮ್ಮ ಹಿತ್ತಲದ ಸಾಮಾನಿಗೆ ಬೆಲೆ ಕಟ್ಟಿದೆ. ಮನೆಗಿಂತ ಹಿತ್ತಲವೇ ತುಟ್ಟಿ ಬಂತು. ಗಾಲಿಗೆ ಜೋಡಿ ಇದ್ದಿದ್ದರೆ ಇನ್ನೂ ಹೆಚ್ಚಾಗುತ್ತಿತ್ತಲ್ಲ ಅಂತ ಹಳಹಳಿಸುತ್ತಿದ್ದಾಗ ಮನೆಯಾಕಿ ಕೇಳಿದಳು: “ಆ ಇನ್ನೊಂದ ಗಾಲಿ ಮೋಡಕಾದವಗ ಹಾಕಿ, ಬದಲಿಗೆ ಪ್ಲ್ಯಾಸ್ಟಿಕ್ ಮಗ್ಗಾ ತಗೊಂಡ ಬಂದವ್ರು ಯಾರ್ರೀ?” ಅಂಥ ಪ್ರಶ್ನೆಗೆ ಉತ್ತರ ಕೊಡಬಾರದು. ನಾನು ಎಮ್ಮೆಗೆ ನೀರು ಕುಡಿಸಲು ಹೋದೆ. ಅದು ಆಗಷ್ಟೇ ಕುಡಿದಿತ್ತು.

ಎರಡನೆಯವನು ಜಮಖಂಡಿ ಕಡೆಯ ಹುಡುಗ. ಸುಡು ಬಿಸಿಲಲ್ಲಿ ಕೋಟು ಹಾಕಿಕೊಂಡು ಮೋಟರ್‌ಸೈಕಲ್ ಮೇಲೆ ಬಂದ. ವಧು-ವರರು ಬರುವಾಗ ಯಂತ್ರದಿಂದ ಬಿಳಿ ಹೊಗೆ ಬಿಡುತ್ತೇನೆ, ಮೋಡದೊಳಗೆ ನಡೆದು ಬಂದ ಹಾಗೆ ಕಾಣುತ್ತದೆ ಅಂದ. ಮನೆಯಾಕಿ, “ಹೊಗಿ ಬೇಕಂದ್ರ ನಮ್ಮ ಬಚ್ಚಲ ಒಲಿ ಹಚ್ಚಿದ್ರ ಸಾಕ, ಓಣಿಗೆಲ್ಲಾ ಆಕ್ಕೈತಿ” ಅಂದಳು. ಹಿಂದಿನ ಗೋಡೆಗೆ ಜಮಖಂಡಿ ಅರಮನೆಯ ದೊಡ್ಡ ಚಿತ್ರದ ಪರದೆ ಕಟ್ಟುವುದಾಗಿಯೂ ಹೇಳಿದ. ನನಗೆ ಮನಸ್ಸಾಯಿತು. ಪಟವರ್ಧನ ಅರಸರ ಸಂಸ್ಥಾನ 1948ರಲ್ಲಿ ವಿಲೀನವಾಗಿ ಹೋದರೂ, ಅರಮನೆಯ ಮುಂದೆ ಧೋತರ ಉಟ್ಟು ನಿಂತ ನನ್ನ ಫೋಟೋ ಹೇಗಿರುತ್ತದೆ ಅಂತ ಕಣ್ಣಮುಂದೆ ತಂದುಕೊಂಡೆ. ಅಷ್ಟರಲ್ಲಿ ಮನೆಯಾಕಿ, “ಆ ಗ್ವಾಡಿ ಮುಂದ ಎಮ್ಮಿ ಕಟ್ತೀವಿ. ಫೋಟೋದಾಗ ಅರಮನಿ ಒಳಗಿಂದ ಅದ ಹೊರಗ ಬಂದಂಗ ಕಾಣತೈತಿ” ಅಂದಳು. ಊಟ ಬಿಟ್ಟು ಮೂರು ಲಕ್ಷ ಅಂದ ಹುಡುಗ. ಬಂದ ದಾರಿಯಲ್ಲೇ ಹೋದ.

ಮೂರನೆಯವನು ನಮ್ಮೂರಿನ ಸಪ್ಲೈಯರ್. ಶಾಮಿಯಾನ, ಕುರ್ಚಿ, ಕೊಪ್ಪರಿಗೆ ಬಾಡಿಗೆಗೆ ಕೊಡುವವನು. ಕಾರ್ಡಿಲ್ಲ, ಕೋಟಿಲ್ಲ. ಹಿತ್ತಲಕ್ಕೆ ಬಂದು, ತಂಬಾಕು ತಿಕ್ಕುತ್ತಾ ಆ ಕಡೆಯಿಂದ ಈ ಕಡೆಗೆ ನಡೆದು, “ಹನ್ನೊಂದ ಹೆಜ್ಜಿ ಆತು. ಯಾರದ ಲಗ್ನ ಮಾಸ್ತರ್ರ, ನಿಮ್ಮ ಹುಡಗೀದ? ನನಗ ಸಾಲೀ ಕಲಿಸೀರಿ, ಹೆಚ್ಚಿಗಿ ತಗೊಳಂಗಿಲ್ಲ” ಅಂದ. ಎಷ್ಟು ಅಂತ ಕೇಳಿದರೆ, “ಕೊಡ್ರಿ, ನೋಡಿ” ಅಂದ. ಓದುಗರೇ, ಜಗತ್ತಿನಲ್ಲಿ ಎಲ್ಲ ದರಗಳಿಗೂ ಚೌಕಾಸಿ ಮಾಡಬಹುದು. ‘ಕೊಡ್ರಿ, ನೋಡಿ’ ಎಂಬ ದರಕ್ಕೆ ಮಾಡಲು ಬರುವುದಿಲ್ಲ.

ಅಂದು ರಾತ್ರಿ ಬಯಲಲ್ಲಿ ಹೊರಸಿನ ಮೇಲೆ ಬಿದ್ದುಕೊಂಡಾಗ ನನಗೆ ಜ್ಞಾನೋದಯವಾಯಿತು. ಪ್ಲ್ಯಾನರ್ ಯಾಕೆ ಬೇಕು? ನಾನಿಲ್ಲವೇ? ಮೂವತ್ನಾಲ್ಕು ವರ್ಷ ಕನ್ನಡ ಶಾಲೆ ಮಾಸ್ತರ. 1991, 2001, 2011, ಮೂರು ಜನಗಣತಿ ಮಾಡಿದ ಕೈ ಇದು. ಭಾರತದ ಜನಸಂಖ್ಯೆಯನ್ನೇ ಎಣಿಸಿದವನಿಗೆ ಬೀಗರನ್ನು ಎಣಿಸುವುದು ಯಾವ ಲೆಕ್ಕ? ಮತಗಟ್ಟೆ ಅಧಿಕಾರಿಯಾಗಿ ಒಂಬತ್ತು ಚುನಾವಣೆ ಮುಗಿಸಿದ್ದೇನೆ. ಒಂದೇ ಒಂದು ಪೆಟ್ಟಿಗೆ ಕಳೆದಿಲ್ಲ. ಬೆಳಗ್ಗೆ ಎದ್ದವನೇ ಎರಡು ನೂರು ಪುಟದ ಒಂದು ರಜಿಸ್ಟರ್ ತಂದು, ಕೆಂಪು ಶಾಯಿಯಲ್ಲಿ ಗೆರೆ ಎಳೆದೆ. ಅನುಕ್ರಮ ಸಂಖ್ಯೆ, ಕುಟುಂಬದ ಮುಖ್ಯಸ್ಥರು, ಸಂಬಂಧ, ಬರುವ ತಲೆ, ಉಳಿಯುವ ತಲೆ, ಷರಾ. ಮೊದಲ ಪುಟದಲ್ಲಿ ಹಿತ್ತಲದ ನಕಾಶೆ. ಎಮ್ಮೆಯನ್ನು ತ್ರಿಕೋನದಿಂದ ತೋರಿಸಿದ್ದೆ.

ಅಳತೆಗೆ ಶಾಲೆಯಿಂದ ನಿವೃತ್ತಿಯ ನೆನಪಿಗೆ ತಂದ ಟೇಪು ಬಳಸಿದೆ. ಅದರ ಮೊದಲಿನ ಒಂದು ಅಡಿ ಯಾವುದೋ ವರ್ಷದ ಕಬಡ್ಡಿ ಪಂದ್ಯಾಟದಲ್ಲಿ ಹರಿದುಹೋಗಿದ್ದು ನನಗೆ ನೆನಪಾಗಲಿಲ್ಲ. ಆ ಕಡೆ ಗಿಡ, ಈ ಕಡೆ ಒಟ್ಟು, ನಡುವೆ ಎಮ್ಮೆ ಅಂತ ಉದ್ದವನ್ನು ಮೂರು ತುಂಡಾಗಿ ಅಳೆದು ಕೂಡಿಸಿದೆ. ಹೀಗೆ ನಮ್ಮ ಹಿತ್ತಲ ಯಾವ ನೋಂದಣಿಯೂ ಇಲ್ಲದೆ ಮೂರು ಅಡಿ ಬೆಳೆಯಿತು. ಟೆಂಟಿನ ಆರ್ಡರು ಆ ಅಳತೆಗೇ ಹೋಯಿತು.

ಮಂದಿ ಎಷ್ಟು? ಷರಾ ಸಮೇತ ಬರೆದು ಕೂಡಿಸಿದೆ: 180. ಮನೆಯಾಕಿಯ ಮುಂದೆ ರಜಿಸ್ಟರ್ ಹಿಡಿದು ನಿಂತೆ. ಆಕೆ ಏನೂ ಅನ್ನದೆ ದೇವರ ಕೋಣೆಗೆ ಹೋಗಿ, ಜಗಲಿಯ ಕೆಳಗಿನ ಟ್ರಂಕಿನಿಂದ ಒಂದು ವಹಿ ತಂದಳು. ಆಯೇರಿ ವಹಿ! ನಮ್ಮ ಲಗ್ನದ ದಿನ ಶುರುವಾದದ್ದು. ಯಾರು ಏನು ಕೊಟ್ಟರು, ನಾವು ಅವರಿಗೆ ಯಾವಾಗ ಏನು ಮುಟ್ಟಿಸಿದೆವು, ಯಾರ ಮುಯ್ಯಿ ಯಾರ ಮೇಲಿದೆ ಎಲ್ಲವೂ ಅದರಲ್ಲಿ. ಹನ್ನೊಂದು ರೂಪಾಯಿ ಮತ್ತು ಒಂದು ಸ್ಟೀಲ್ ಡಬರಿ. ಐದು ರೂಪಾಯಿ ಮತ್ತು ಕುಬಸದ ಖಣ. ಗಂಡನ ಹೆಸರು ಎಲ್ಲೂ ಇಲ್ಲ. ‘ಮೂಲಿಮನಿ ಅಕ್ಕ’, ‘ತೇರದಾಳದ ಚಿಗವ್ವ’, ‘ಬನಹಟ್ಟಿ ಕಾಡಸಿದ್ಧೇಶ್ವರ ಜಾತ್ರ್ಯಾಗ ಸಿಕ್ಕಾಕಿ’. ಆಕೆ ಬೆರಳಿನ ಗೆಣ್ಣು ಎಣಿಸುತ್ತಾ ಹೋದಳು. 640ಕ್ಕೆ ನಿಂತಳು.

“ಇಷ್ಟ ಮಂದೀನ ಕರದ್ರ ಸಿಂಪಲ್ ಹೆಂಗಾಕ್ಕೈತಿ? 2020ರಾಗ ಲಾಕ್‌ಡೌನ್ ಇದ್ದಾಗ ಲಗ್ನಕ್ಕ 50 ಮಂದಿ ಅಂತ ಸರಕಾರ ಕಾಯ್ದೇನ ಮಾಡಿತ್ತು. ಆಗ ಲಗ್ನ ಆಗಲಿಲ್ಲೇನು?”

“ಆಗ ಮಾಡಿದ್ರ ಆ 50ರಾಗ ನಿಮ್ಮ ಹೆಸರ ಹಿಡೀತಿದ್ದಿಲ್ಲ” ಅಂದಳು. ನಾನು ಷರಾ ಕಾಲಮಿನಲ್ಲಿ ‘ಪರಿಷ್ಕೃತ: 640’ ಅಂತ ಬರೆದು ಸಹಿ ಮಾಡಿದೆ. ಸಹಿ ಕೇಳಿದವರು ಯಾರೂ ಇರಲಿಲ್ಲ.

ಇನ್ನು ವಾದ್ಯ. ಈ ವಿಷಯದಲ್ಲಿ ನನಗೆ ಅಭಿಮಾನ ಜಾಸ್ತಿ. ಸನಾದಿ ಅಪ್ಪಣ್ಣ ನಮ್ಮ ಬೀಳಗಿಯವರು. ಅವರ ಹೆಸರಿನ ಸಿನೆಮಾ 1977ರಲ್ಲಿ ಬಂದಾಗ ರಾಜಕುಮಾರ್ ಸನಾದಿ ಹಿಡಿದರು, ಅದರ ಹಿಂದಿನ ಉಸಿರು ಬಿಸ್ಮಿಲ್ಲಾ ಖಾನರದು. ಅಂಥ ನಾಡಿನಲ್ಲಿ ಡಿಜೆ ಹಚ್ಚುವುದೇ? “ಸನಾದೀನ ಬೇಕು” ಅಂತ ಮುಷ್ಟಿ ಬಿಗಿದೆ. ಮಗಳು “ಸೋ ಟ್ರೆಡಿಷನಲ್ ಅಪ್ಪಾ!” ಅಂದಳು. ನಾನು ಉಬ್ಬಿದೆ. ಹೆಂಡತಿಯ ತಮ್ಮ ಮಾತ್ರ, “ಮಾಮಾ, ನೀವು ಸನಾದಿ ತರ್ರಿ, ನಾ ಡಿಜೆ ತರ್ತೀನಿ. ಯಾವುದ್ರ ಮುಂದ ಮಂದಿ ನಿಂದರ್ತಾರ ನೋಡೂಣು” ಅಂದ. ಮುಂದೆ ಆದದ್ದನ್ನು ಇಲ್ಲೇ ಹೇಳಿ ಮುಗಿಸಿಬಿಡುತ್ತೇನೆ. ಸನಾದಿಯ ಮುಂದೆ ನಾನು, ಎಮ್ಮೆ, ಮತ್ತು ಕಿವಿ ಕೇಳದ ಒಬ್ಬ ಹಿರಿಯರು ಇದ್ದೆವು. ರಾತ್ರಿ ಹತ್ತಕ್ಕೆ ಧ್ವನಿವರ್ಧಕ ಬಂದ್ ಮಾಡಬೇಕೆಂಬ ಸರಕಾರದ ನಿಯಮ ಅಂದು ನನಗೆ ಸಂವಿಧಾನದಷ್ಟೇ ಪವಿತ್ರವಾಗಿ ಕಂಡಿತು. ಹತ್ತು ಹೊಡೆದಾಗ ನಾನು ಗಡಿಯಾರ ತೋರಿಸಿದೆ. ಬೀಗರ ಹುಡುಗರು ನನ್ನ ಕೈ ಹಿಡಿದು ಕುಣಿತಕ್ಕೆ ಎಳೆದುಕೊಂಡರು. ಹತ್ತೂಕಾಲಿಗೆ ಡಿಜೆ ನಿಂತಾಗ ಇನ್ನೂ ಕುಣಿಯುತ್ತಿದ್ದವನು ನಾನೊಬ್ಬನೇ ಅಂತ ಆಮೇಲೆ ವಿಡಿಯೋ ನೋಡಿ ತಿಳಿಯಿತು.

ಮುಹೂರ್ತ ವೈಶಾಖದಲ್ಲಿ. ಮೂರು ದಿನ ಮೊದಲು ಹಾಲಗಂಬ ನೆಡಬೇಕು. ನಮ್ಮ ದೊಡ್ಡವ್ವನಿಗೆ ಎಂಬತ್ನಾಲ್ಕು. ಕಂಬಕ್ಕೆ ಅರಿಷಿಣ ಕುಂಕುಮ ಹಚ್ಚುತ್ತಾ ಕೇಳಿದಳು: “ತಮ್ಮಾ, ಹಂದರಕ್ಕ ತಪ್ಪಲ ಎಲ್ಲಿ?”

“ದೊಡ್ಡವ್ವಾ, ಟೆಂಟ್ ಬರ್ತೈತಿ. ಬಿಳೀದು, ಜಾಲರಿ ಇದ್ದದ್ದು.”

“ಅರಬಿ ಹಾಸಿದ್ರ ಹಂದರ ಆಗತೈತೇನೋ ಮಬ್ಬಾ? ಹಂದರ ಅಂದ್ರ ತಪ್ಪಲಿಂದು.”

ಅವಳ ಹಟಕ್ಕೆ ಹೆಂಡತಿಯ ತಮ್ಮ ಹೊಲದಿಂದ ಟ್ರ್ಯಾಕ್ಟರಿನಲ್ಲಿ ಕಬ್ಬಿನ ರವದಿ, ಮಾವಿನ ತಪ್ಪಲ ತಂದು, ಮುಂಬಾಗಿಲಿಗೆ ಹತ್ತಡಿಯ ಒಂದು ಹಂದರ ಹಾಕಿದ. ಮನೆಯ ಮುಂದೆ ದೊಡ್ಡವ್ವನ ಹಂದರ, ಹಿಂದೆ ನನ್ನ ಬ್ಯಾಕ್‌ಯಾರ್ಡು. ನಾನು ಬಂದವರನ್ನೆಲ್ಲ ಹಿಂದಕ್ಕೆ ಕರೆದೊಯ್ದು ತೋರಿಸುತ್ತಿದ್ದೆ. ಅವರು ನೋಡಿ, “ಛಲೋ ಐತ್ರಿ” ಅಂದು, ಮುಂದೆ ಬಂದು ರವದಿಯ ನೆರಳಿಗೆ ಕೂಡುತ್ತಿದ್ದರು.

ಟೆಂಟು ಬಂದಾಗಲೇ ಟೇಪಿನ ಕಥೆ ಬಯಲಾಯಿತು. ಮೂರು ಅಡಿ ಬಟ್ಟೆ ಗೋಡೆ ದಾಟಿ ಪಕ್ಕದ ಮನೆಯವರ ಮಗ್ಗದ ಶೆಡ್ಡಿನ ಮೇಲೆ ಚಾಚಿಕೊಂಡಿತು. ಅವರದು ನಾಲ್ಕು ಪಾವರ್‌ಲೂಮ್. ಒಪ್ಪಿಗೆ ಕೇಳಲು ಹೋದೆ. ಒಳಗೆ ಮಗ್ಗ ‘ಖಟಾಖಟ್ ಖಟಾಖಟ್’ ಅನ್ನುತ್ತಿತ್ತು. ನಾನು ಬಾಯಿ ಮಾಡಿ ಕೇಳಿದೆ, ಅವರು ಬಾಯಿ ಮಾಡಿ ಹೇಳಿದರು: “ಏನೂ ಅಡ್ಡಿಯಿಲ್ಲ ಮಾಸ್ತರ್ರ, ಆದ್ರ ಮಗ್ಗಾ ನಿಂದ್ರಸಂಗಿಲ್ಲ. ಸೀರಿ ಆರ್ಡರ್ ಐತಿ.” ನೇಕಾರರ ಊರಿನಲ್ಲಿ ಲಗ್ನಕ್ಕಾಗಿ ಮಗ್ಗ ನಿಲ್ಲಿಸಿ ಅಂತ ಕೇಳುವುದು ಹೊಳೆಗೆ ಸ್ವಲ್ಪ ತಡೆದು ಹರಿ ಅಂದ ಹಾಗೆ. ತಲೆಯಾಡಿಸಿ ಬಂದೆ.

ಲಗ್ನದ ಹಿಂದಿನ ಸಂಜೆ. ಎಣ್ಣಿ ಹಚ್ಚುವ ಶಾಸ್ತ್ರ ಮುಗಿದಿತ್ತು. ಹಗಲೆಲ್ಲ ಹಂಚಿನಂತೆ ಕಾದ ಆಕಾಶ ನಾಲ್ಕೂವರೆಗೆ ಪಡುವಣದಲ್ಲಿ ಕರ್ರಗಾಯಿತು. ಭರಣಿ ಮಳೆಯ ಕಾಲ. ಭರಣಿ ಸುರಿದರೆ ಧರಣಿಯೆಲ್ಲ ಬೆಳೆ ಅನ್ನುತ್ತಾರೆ. ಮಕ್ಕಳಿಗೆ ಮೂವತ್ನಾಲ್ಕು ವರ್ಷ ಆ ಗಾದೆಯ ಅರ್ಥ ಬಿಡಿಸಿ ಹೇಳಿದ್ದೇನೆ. ಧರಣಿಯ ಮೇಲೆ ಟೆಂಟ್ ಹಾಕಿದವನ ಗತಿ ಏನು ಅಂತ ಯಾವ ಹುಡುಗನೂ ಕೇಳಿರಲಿಲ್ಲ.

ಮೊದಲು ಮಳೆ. ಟೆಂಟಿನ ನಡುವೆ ನೀರು ತುಂಬಿ, ಬಟ್ಟೆ ಎಮ್ಮೆಯ ಹೊಟ್ಟೆಯಂತೆ ಜೋತುಬಿತ್ತು. ರಜಿಸ್ಟರಿನ ‘ಆಪತ್ಕಾಲ’ ಎಂಬ ಪುಟದಲ್ಲಿ ಇದಕ್ಕೆ ಪರಿಹಾರ ಬರೆದಿಟ್ಟಿದ್ದೆ: ‘ಉದ್ದ ಕೋಲಿನಿಂದ ಮೆಲ್ಲಗೆ ಎತ್ತಿ ನೀರು ಚೆಲ್ಲುವುದು.’ ಹೊಸ ಧೋತರ ಉಟ್ಟವನು ಕೋಲು ಹಿಡಿದು ಅದರ ಕೆಳಗೆ ನಿಂತೆ. “ಮಾಸ್ತರ್ರ, ಕೆಳಗ ನಿಂದರಬ್ಯಾಡ್ರಿ” ಅಂತ ಸಪ್ಲೈಯರ್ ಕೂಗಿದ. ನನಗೆ ಕಲಿಸಲು ಬರುತ್ತಾನಲ್ಲ ಅಂತ ಇನ್ನಷ್ಟು ಜೋರಾಗಿ ಎತ್ತಿದೆ. ಓಣಿಯ ಹುಡುಗರು ಹೇಳುವ ಪ್ರಕಾರ ನಾನು ಎರಡು ಕ್ಷಣ ಕಾಣಿಸಲೇ ಇಲ್ಲ.

ಆಮೇಲೆ ಗಾಳಿ ಬಂತು. ಗಾಳಿಗೆ ಬಟ್ಟೆಯ ಕೆಳಗೆ ಹೊಕ್ಕಲು ದಾರಿಯಿದೆ, ಹೊರಗೆ ಹೋಗಲು ದಾರಿಯಿಲ್ಲ. ಹೀಗಾಗಿ ಅದು ಬಟ್ಟೆಯನ್ನೇ ಹೊತ್ತುಕೊಂಡು ಹೋಗುತ್ತದೆ. ನಾಲ್ಕು ಹಗ್ಗ ಪಟಪಟ ಹರಿದವು. ಆ ಬಿಳಿ ಟೆಂಟು ಹಾಯಿ ಬಿಚ್ಚಿದ ಹಡಗಿನಂತೆ ಎದ್ದು, ಬೇವಿನ ಗಿಡಕ್ಕೆ ಒಮ್ಮೆ ನಮಸ್ಕಾರ ಮಾಡಿ, ಪಕ್ಕದವರ ಶೆಡ್ಡಿನ ತಗಡಿನ ಮೇಲೆ ಮಲಗಿತು. ಮೂರು ಅಡಿಗೆ ಒಪ್ಪಿಗೆ ಪಡೆದಿದ್ದೆ. ಪೂರ್ತಿ ಹೋಯಿತು. ನಾನು ಒದ್ದೆ ಕೋಳಿಯಂತೆ ಮುಂಬಾಗಿಲಿಗೆ ಬಂದು ನೋಡುತ್ತೇನೆ, ದೊಡ್ಡವ್ವನ ಹಂದರ ಅಲ್ಲಾಡಿಲ್ಲ! ರವದಿಯ ಸಂದಿಯಲ್ಲಿ ಗಾಳಿ ಈ ಕಡೆ ಹೊಕ್ಕು ಆ ಕಡೆ ಹೊರಟುಹೋಗಿದೆ. ಎರಡು ಹನಿ ಸೋರಿದೆ, ಅಷ್ಟೆ. ಕೆಳಗೆ ದೊಡ್ಡವ್ವ ಎಲಿಅಡಿಕಿ ಕುಟ್ಟುತ್ತಾ ಕೂತಿದ್ದಾಳೆ. ಅವಳು ಏನಾದರೂ ಅನ್ನಬಹುದು ಅಂತ ಕಾದೆ. ಅನ್ನಲಿಲ್ಲ. ಸೆರಗು ಕೊಟ್ಟು, “ತಲಿ ವರಸ್ಕೊ” ಅಂದಳು. ಬೈದಿದ್ದರೇ ಚೆನ್ನಾಗಿತ್ತು.

ಅಂದು ರಾತ್ರಿ ಹಿತ್ತಲದಲ್ಲಿ ಮಲಗಬೇಕಿದ್ದವರೆಲ್ಲ ಪಡಸಾಲೆ, ಅಟ್ಟ, ಅಕ್ಕಪಕ್ಕದ ಕಟ್ಟೆಗಳ ಮೇಲೆ ಹಂಚಿಹೋದರು. ನಾನು ಬ್ಯಾಟರಿ ಹಿಡಿದು ಎಣಿಸುತ್ತಾ ಹೊರಟೆ. 2011ರ ಫೆಬ್ರುವರಿ 28ರ ರಾತ್ರಿ ಜನಗಣತಿಯವರು ಹೀಗೆಯೇ ಮನೆಯಿಲ್ಲದವರನ್ನು ಹುಡುಕಿ ಎಣಿಸಿದ್ದೆವು. ಅಂದು ನಾನು ಸರಕಾರದ ಪರವಾಗಿ ಎಣಿಸುವವನು. ಇಂದು ಎಣಿಸಿ ಮುಗಿಸಿ ಬಂದು ನೋಡಿದರೆ ನನ್ನ ಹೊರಸಿನ ಮೇಲೆ ಬೀಗರ ಕಡೆಯ ಒಬ್ಬರು ಗೊರಕೆ ಹೊಡೆಯುತ್ತಿದ್ದರು. ಮನೆಯಿಲ್ಲದವರ ಪಟ್ಟಿಗೆ ಕೊನೆಯ ಹೆಸರು ನನ್ನದೇ ಆಯಿತು.

ಬೆಳಗ್ಗೆ ಸಪ್ಲೈಯರ್ ತನ್ನ ಹುಡುಗರೊಂದಿಗೆ ಬಂದು, ಟೆಂಟನ್ನು ತಗಡಿನ ಮೇಲಿಂದ ಇಳಿಸಿ, ಒಣಗಿಸಿ, ಹರಿದ ಕಡೆ ಹೆಂಗಸರ ಹಳೆಯ ಸೀರೆ ಬಿಗಿದು ಮತ್ತೆ ನಿಲ್ಲಿಸಿದ. ಮಗಳು ಅದನ್ನು ನೋಡಿ, “ಅಪ್ಪಾ, ಈ ಸೀರಿ ಕಟ್ಟೂ ಐಡಿಯಾ ನಿಂದಾ? ಸೂಪರ್!” ಅಂದಳು. ನಾನು ಇಲ್ಲ ಅನ್ನಲಿಲ್ಲ.

ಬೀಗರು ಮುಧೋಳ ಕಡೆಯವರು. ಅವರ ಪಕ್ಕ ಕೂತು ನನ್ನ ಜ್ಞಾನ ಪ್ರದರ್ಶನಕ್ಕೆ ಇಟ್ಟೆ. ರನ್ನ ನಿಮ್ಮೂರವನು, ನಿಮ್ಮೂರ ನಾಯಿಯ ಅಂಚೆಚೀಟಿಯನ್ನು 2005ರಲ್ಲಿ ಭಾರತ ಸರಕಾರವೇ ಹೊರಡಿಸಿದೆ ಅಂತೆಲ್ಲ ಹೇಳಿ, “ನಿಮ್ಮ ಮನ್ಯಾಗ ಎಷ್ಟ ನಾಯಿ ಅದಾವ್ರಿ?” ಅಂದೆ. ಬೀಗರು ಧೋತರ ಸರಿಮಾಡಿಕೊಂಡು, “ನನಗ ನಾಯಿ ಅಂದ್ರ ಅಂಜಿಕಿ ರೀ” ಅಂದರು. ಅಲ್ಲಿಗೆ ಮಾತು ಮುಗಿಯಿತು.

ಅಕ್ಕಿಕಾಳಿನ ಹೊತ್ತು ಬಂತು. 640 ಮಂದಿ, ಮೇಲೆ ಹರಕು ಟೆಂಟು, ಪಕ್ಕದಲ್ಲಿ ನಾಲ್ಕು ಮಗ್ಗ. ಅಯ್ಯನವರ ಮಂತ್ರ ಅವರ ತುಟಿಯಲ್ಲಿ ಕಾಣುತ್ತಿತ್ತು, ಕೇಳುತ್ತಿರಲಿಲ್ಲ. ಪಕ್ಕದಲ್ಲಿ ನಿಂತವರ ಜತೆಗೂ ಕಿರುಚಿಯೇ ಮಾತಾಡಬೇಕು. ಆ ಕಡೆ ಮೊದಲ ಪಂಕ್ತಿ ಆಗಲೇ ಎದ್ದಿತ್ತು. ಬೀಗರ ಕಡೆಯ ದಪ್ಪ ಮೀಸೆಯ ಒಬ್ಬರು ಮೊದಲ ಪಂಕ್ತಿ ಮುಗಿಸಿ, ಟೊಪ್ಪಿಗೆ ಬದಲಿಸಿ, ಎರಡನೇ ಪಂಕ್ತಿಗೆ ಕೂತದ್ದನ್ನು ನನ್ನ ಗಣತಿ ಕಣ್ಣು ಹಿಡಿದಿತ್ತು. ಹೊಟ್ಟೆಯೊಳಗೆ ಬೂಂದಿಯ ಲೆಕ್ಕ ಉರಿಯುತ್ತಿತ್ತು. ಹೆಂಡತಿಯ ತಮ್ಮನ ಕಿವಿಗೆ ಬಾಯಿಟ್ಟು ಗಂಟಲು ಹರಿಯುವಂತೆ ಕೂಗಿದೆ:

“ಆ ಮೀಸಿ ಮುದುಕ ಎರಡನೇ ಸಲ ಕುಂತಾನ! ಓಟ ಹಾಕಿದವ್ರಿಗೆ ಹಚ್ಚತೀವಲ್ಲ, ಮೈಸೂರ ಶಾಯಿ, ಅದನ್ನ ತಂದು ಇವರ ಬೆರಳಿಗೆ ಹಚ್ಚಬೇಕು!”

‘ಆ ಮೀಸಿ’ ಅನ್ನುವವರೆಗೆ ಮಗ್ಗ ನಡೆಯುತ್ತಿತ್ತು. ‘ಮುದುಕ’ ಅನ್ನುವಾಗ ಕರೆಂಟು ಹೋಯಿತು.

ರಬಕವಿಯಲ್ಲಿ ಕರೆಂಟು ಹೋದಾಗ ಬೀಳುವ ಮೌನ ಬೇರೆ ಊರಿನವರಿಗೆ ತಿಳಿಯುವುದಿಲ್ಲ. ಒಂದು ಮನೆಯದಲ್ಲ, ಇಡೀ ಓಣಿಯ ಮಗ್ಗ ಒಮ್ಮೆಲೇ ನಿಲ್ಲುತ್ತವೆ. ಹುಟ್ಟಿದಂದಿನಿಂದ ಕಿವಿಯಲ್ಲಿದ್ದ ಸಪ್ಪಳ ತಟ್ಟನೆ ಇಲ್ಲವಾಗಿ, ಬೇವಿನ ಎಲೆ ಬಿದ್ದರೂ ಕೇಳುತ್ತದೆ. ಅಂಥ ಮೌನದಲ್ಲಿ, ಅಯ್ಯನವರ ಮಂತ್ರಕ್ಕೂ ಮೇಲೆ, ಮೂವತ್ನಾಲ್ಕು ವರ್ಷ ಮೈಕಿಲ್ಲದೆ ಪ್ರಾರ್ಥನೆ ಹೇಳಿಸಿದ ನನ್ನ ಗಂಟಲು ಮೈಸೂರಿನ ಪೇಂಟ್ಸ್ ಕಾರ್ಖಾನೆಯಲ್ಲಿ 1962ರಿಂದ ತಯಾರಾಗುತ್ತಿರುವ ಆ ಶಾಯಿಯನ್ನು 640 ಮಂದಿಯ ಬೆರಳಿಗೂ ಹಚ್ಚಿತು. ತುತ್ತು ಎತ್ತಿದ ಕೈಗಳು ಗಾಳಿಯಲ್ಲೇ ನಿಂತವು. ಮದುಮಗಳು ಬಾಸಿಂಗದ ಮರೆಯಿಂದ ನನ್ನನ್ನು ನೋಡಿದಳು.

ಮೀಸೆಯವರು ನಿಧಾನಕ್ಕೆ ಎದ್ದರು. ಮದುಮಗನ ಸೋದರಮಾವ ಅಂತ ಆಗ ಗೊತ್ತಾಯಿತು. ನನ್ನ ಹತ್ತಿರ ಬಂದು ಬೆರಳು ಚಾಚಿ, “ಹಚ್ರಿ ಮಾಸ್ತರ್ರ. ಬೂಂದಿ ಅಷ್ಟ ಛಲೋ ಆಗೇತಿ, ಮೂರನೇ ಸಲ ಬರೂದೈತಿ” ಅಂದರು. ಇಡೀ ಹಿತ್ತಲ ನಕ್ಕಿತು. ಆ ನಗೆಯಲ್ಲೇ ಅಕ್ಕಿಕಾಳು ಬಿದ್ದವು. ಅರ್ಧದಷ್ಟು ಮದುಮಕ್ಕಳ ಮೇಲೆ, ಉಳಿದರ್ಧ ಗುರಿಯಿಟ್ಟು ನನ್ನ ಮೇಲೆ. ಅವರು ನಿಜವಾಗಿಯೂ ಮೂರನೇ ಪಂಕ್ತಿಗೂ ಕೂತರು. ಮಹಾಲಿಂಗಪುರದ ಬೆಲ್ಲದ ಹುಗ್ಗಿಯನ್ನು ಅವರ ಎಲೆಗೆ ನಾನೇ ಕೈಯಾರೆ ಬಡಿಸಿದೆ. ಮನೆಯಾಕಿ ನನ್ನ ಹಿಂದೆ ನಿಂತು, “ಇನ್ನೊಂದ ಸವಟು ಹಾಕ್ರಿ” ಅಂತ ಎರಡು ಸಲ ಹೇಳಿದಳು. ಒಂದು ಬೀಗರಿಗೆ, ಇನ್ನೊಂದು ನನಗೆ ಶಿಕ್ಷೆ.

ಆಯೇರಿ ಕೂಗುವ ಕೆಲಸ ಮಾತ್ರ ನನ್ನದೇ ಅಂತ ಮೊದಲೇ ಹಟ ಹಿಡಿದಿದ್ದೆ. ಕರೆಂಟು ಬಂದ ಮೇಲೆ ಮೈಕು ಹಿಡಿದು, “ಮೂಲಿಮನಿ ಅಕ್ಕನಿಂದ ನೂರಾ ಒಂದು ರೂಪಾಯಿ...” ಅಂದೆ. ಅದೇ ಕ್ಷಣಕ್ಕೆ ಮಗ್ಗಗಳೂ ಶುರುವಾದವು. ಮುಂದಿನ ಎರಡು ತಾಸು ನಾನು ಕೂಗಿದ್ದು ಯಾರಿಗೂ ಕೇಳಲಿಲ್ಲ. ಕೇಳಬಾರದ್ದೊಂದು ಕೇಳಿ ಆಗಿತ್ತು.

ಮರುದಿನ ಲೆಕ್ಕ. 400 ಕುರ್ಚಿ ಬಂದಿದ್ದವು, 397 ಹೋದವು. ಸವಟು ಎರಡು ಕಡಿಮೆ. ಯಾರದೆಂದು ಇನ್ನೂ ಗೊತ್ತಾಗದ ಒಂದು ಕೊಪ್ಪರಿಗೆ ಹೆಚ್ಚು. ಸಪ್ಲೈಯರ್ ‘ಕೊಡ್ರಿ, ನೋಡಿ’ ಅಂದವನು ಕೈಯಲ್ಲಿ ಇಟ್ಟದ್ದನ್ನು ನೋಡಿದ. ನೋಡುತ್ತಲೇ ನಿಂತ. ಆ ನೋಟ ತಡೆಯಲಾರದೆ ಮತ್ತೆ ಕೊಟ್ಟೆ. ಹರಿದ ಟೆಂಟಿನದು, ಪಕ್ಕದವರ ಬಾಗಿದ ತಗಡಿನದು, ಆಚಾರಿಯದು, ಡಿಜೆಯದು ಎಲ್ಲ ಕೂಡಿಸಿ ನೋಡಿದೆ. ಜಮಖಂಡಿಯ ಕೋಟಿನ ಹುಡುಗ ಕೇಳಿದ್ದಕ್ಕಿಂತ ಹನ್ನೊಂದು ಸಾವಿರ ಹೆಚ್ಚು, ಊಟ ಬಿಟ್ಟು. ಅದರಲ್ಲಿ ಹೊಗೆಯೂ ಇಲ್ಲ, ಅರಮನೆಯೂ ಇಲ್ಲ.

ಈ ಅಂಕಿಯನ್ನು ಬರೆದಿಡಬೇಕಲ್ಲ ಅಂತ ರಜಿಸ್ಟರ್ ಹುಡುಕಿದೆ. ರಟ್ಟು ಮಾತ್ರ ಸಿಕ್ಕಿತು. ಅಡುಗೆಮನೆಯಲ್ಲಿ ಓಣಿಯವರಿಗೆ ಹಂಚಲು ಬೂಂದಿಯ ಪೊಟ್ಟಣಗಳು ಸಾಲಾಗಿದ್ದವು. ಮನೆಯಾಕಿ ಒಂದನ್ನು ನನ್ನ ಕೈಗಿಟ್ಟು, “ತಿನ್ರಿ, ನಿನ್ನಿಂದ ನೀವು ಬಾಯಿಗೆ ಹಾಕೇ ಇಲ್ಲ” ಅಂದಳು. ಬಿಚ್ಚಿದೆ. ಕೆಂಪು ಗೆರೆ, ನನ್ನ ಮುತ್ತಿನಂಥ ಅಕ್ಷರ. ಹಿತ್ತಲದ ನಕಾಶೆಯ ಪುಟ. ತುಪ್ಪ ಹೀರಿ ಟೆಂಟು ಪೂರ್ತಿ ಅಳಿಸಿಹೋಗಿತ್ತು. ಎಮ್ಮೆಯ ತ್ರಿಕೋನ ಹಾಗೇ ಉಳಿದಿತ್ತು.

ಬೂಂದಿ ಮಾತ್ರ ನಿಜವಾಗಿಯೂ ಛಲೋ ಆಗಿತ್ತು. ಮೀಸೆಯವರ ತಪ್ಪೇನಿಲ್ಲ.